ಗೋದಜ್ಜಿಯ ಸ್ವಂತ ದನಿ

ನಂಬಲು ಆಗುತ್ತಿಲ್ಲ...
ಭಾನುವಾರ ಬಾಗಿಲಲ್ಲಿ ನಿಲ್ಲಿಸಿ ಬೈದವರು...
ಇವತ್ತು ಇಲ್ಲ.

ಬೆಳಗ್ಗೆ ಲಂಡನ್ನಿನ ಪಾರ್ಕ್ ರಾಯಲ್‌ನಲ್ಲಿ ನೈಟ್ ಶಿಫ್ಟ್ ಮುಗಿಸಿ ಜಾಕೆಟ್ ಹಾಕಿಕೊಳ್ಳುತ್ತಿದ್ದೆ. ಉಷಾ ಫೋನ್ ಮಾಡಿದಳು.
"ಅವ್ವ ಹೋದಳಪಾ..."
ಮನೆಯಿರುವ ಸಟನ್‌ವರೆಗೂ ಟ್ರೇನಿನಲ್ಲಿ ನಿಂತೇ ಬಂದೆ. ಸೀಟಿತ್ತು. ಕೂರಲು ಮನಸ್ಸಾಗಲಿಲ್ಲ.

ಗೊತ್ತಿಲ್ಲದವರಿಗೆ ಹೇಳುತ್ತೇನೆ.
ಗೋದಜ್ಜಿ, ನಮ್ಮ ಕೆಳಗಿನ ಫ್ಲಾಟಿನ ಡಾಕ್ಟರ್ ಉಷಾಳ ತಾಯಿ.
ಧಾರವಾಡದ ಹುಡುಗಿ... ಸೋದರಮಾವನ ಜೊತೆ ಮುಂಬಯಿಗೆ ಹೋಗಿ, ಬ್ಲ್ಯಾಕ್ ಅಂಡ್ ವೈಟ್ ಕಾಲದ ಹಿಂದಿ ಸಿನಿಮಾಗಳಲ್ಲಿ ನಟಿಸಿದವರು.
ನಾಯಕಿಯ ಗೆಳತಿ, ನಾಯಕನ ತಂಗಿ, ಚಹಾ ತರುವ ಕೆಲಸದವಳು...
ಟೈಟಲ್‌ನಲ್ಲಿ ಹೆಸರು ಬಂದರೆ ಬಂತು, ಇಲ್ಲದಿದ್ದರೆ ಇಲ್ಲ.
ಮದುವೆಯಾಯಿತು, ಲಂಡನ್‌ಗೆ ಬಂದರು. ಕೆರಿಯರ್ ಅಲ್ಲಿಗೆ ಮುಗಿಯಿತು.

ಮಧ್ಯಾಹ್ನದಿಂದ ಎಲ್ಲ ವಾಟ್ಸಾಪ್ ಗ್ರೂಪ್‌ಗಳಲ್ಲೂ ಅವರ ಸಿನಿಮಾದ ಒಂದೇ ಕ್ಲಿಪ್.
ಅಣ್ಣನ ಮುಂದೆ ಉದ್ದಕ್ಕೆ ಮಾತಾಡಿ, ಕೊನೆಗೆ ಅಳುವ ಸೀನ್.
ಎಂಥಾ ವಾಯ್ಸ್ ಅಂತ ಕಾಮೆಂಟುಗಳು, ಕೈಮುಗಿಯುವ ಇಮೋಜಿಗಳು...
ಸ್ವಾಮೀ, ಅದು ಅವರ ವಾಯ್ಸ್ ಅಲ್ಲ.
ಎಷ್ಟು ಜನಕ್ಕೆ ಅಂತ ಟೈಪ್ ಮಾಡಲಿ... ಸಾಕಾಗಿದೆ.

ಅಜ್ಜಿ, ನೀವೇ ಹೇಳಿದ್ದಿರಿ.
ನಿಮ್ಮ ಹಿಂದಿಯಲ್ಲಿ ಧಾರವಾಡ ಕೇಳಿಸುತ್ತದೆ ಅಂತ, ಪ್ರತಿ ಸಿನಿಮಾದಲ್ಲೂ ಬೇರೆ ಯಾರದೋ ದನಿ ಹಾಕಿಸಿದರು.
ತುಟಿ ನಿಮ್ಮದು... ಮಾತು ಇನ್ನೊಬ್ಬಳದು.
ಈ ಸೀನಿನ ಅಳು ಮಾತ್ರ ನಿಮ್ಮದೇ ಉಳಿಯಿತಂತೆ.
ಯಾಕೆ ಎಂದು ಕೇಳಿದೆ. ಈರುಳ್ಳಿ ಹೆಚ್ಚುತ್ತಲೇ ಹೇಳಿದಿರಿ, "ಅಳಾಕ ಹಿಂದಿ ಯಾಕ ಬೇಕೋ?"
ನಾನು ನಕ್ಕೆ. ನೀವು ನಗಲಿಲ್ಲ.

ಈಗ ಉಷಾಗೆ ಒಂದೇ ಚಿಂತೆ.
ಅಂತ್ಯಕ್ರಿಯೆಯಲ್ಲಿ ಅಮ್ಮನ ದನಿ ಕೇಳಿಸಬೇಕು.
ಆ ಕ್ಲಿಪ್ಪೇ ಬ್ಯೂಟಿಫುಲ್ ಆಗಿದೆ, ಅದನ್ನೇ ಹಾಕೋಣ ಅನ್ನುತ್ತಾರೆ ಅವಳ ಮಕ್ಕಳು.
"ಇನ್ನೊಬ್ಬಾಕಿ ದನಿ ಹಾಕಿ ನಮ್ಮವ್ವನ್ನ ಕಳಸಂಗಿಲ್ಲ" ಅಂದಳು ಉಷಾ.
ಆದರೆ ಅವಳ ಫೋನಿನಲ್ಲಿ ಏನೂ ಇಲ್ಲ. ಒಂದೇ ಮನೆಯಲ್ಲಿದ್ದವರು ವಾಯ್ಸ್ ನೋಟ್ ಯಾಕೆ ಕಳಿಸುತ್ತಾರೆ?
ವಿಡಿಯೋ ತೆಗೆದರೆ ಅಜ್ಜಿ ಸುಮ್ಮನೆ ನಗುತ್ತಾ ಕೂತುಬಿಡುತ್ತಿದ್ದರು. ಕ್ಯಾಮೆರಾ ಮುಂದೆ ತಮ್ಮ ದನಿ ಯಾರಿಗೂ ಬೇಡ ಅನ್ನುವುದು ಅಷ್ಟು ಅಭ್ಯಾಸವಾಗಿತ್ತು...

ವಾಯ್ಸ್ ನೋಟ್ ಬರುತ್ತಿದ್ದದ್ದು ನನಗೆ. ಅಜ್ಜಿಗೆ ಮೆಟ್ಟಿಲು ಹತ್ತಲು ಆಗುತ್ತಿರಲಿಲ್ಲವಲ್ಲ.
ಭಾನುವಾರದ್ದನ್ನು ಈಗ ಉಷಾಗೆ ಕಳಿಸಿದೆ.
"ಹುಳಿ ಮಾಡೀನಿ, ಲಗೂನ ಬಾ. ಹ್ವಾದ ವಾರದ ಡಬ್ಬಿ ತರೂದ ಮರೀಬ್ಯಾಡ."
ಅವಳು ಬರೆದಳು, ಇದನ್ನೇ ಹಾಕೋಣ.

ಕ್ಲಿಪ್ ಫಾರ್ವರ್ಡ್ ಮಾಡುವವರು ಮಾಡಿ. ಕೊನೆಯ ಅಳು ಬರುವವರೆಗೆ ಸೌಂಡ್ ಆಫ್ ಮಾಡಿಕೊಳ್ಳಿ, ಅಷ್ಟೇ.

ಆ ಭಾನುವಾರವೂ ಡಬ್ಬಿ ಮರೆತೇ ಬಂದಿದ್ದೆ ಅಜ್ಜಿ... ಅದಕ್ಕೇ ಬೈದಿರಿ. ತೊಳೆದಿಟ್ಟಿದ್ದೇನೆ, ನಾಳೆ ಉಷಾಗೆ ಕೊಡುತ್ತೇನೆ.
ಹೋಗಿ ಬನ್ನಿ.
ನಿಮ್ಮ ಜೀವ ತಣ್ಣಗಿರಲಿ... ಇನ್ನು ನಿಮ್ಮ ಬದಲು ಯಾರೂ ಮಾತಾಡದಿರಲಿ.