ಓಕ್ ನೆಲದ ಕೆಳಗಿನ ನೀರು

ನೆನೆದರೆ ಈಗಲೂ ಮೈ ಉರಿಯುತ್ತದೆ. ನಮ್ಮಕ್ಕ ಫ್ರೌಕೆಗೆ ಐವತ್ತಾರಕ್ಕೇ ಅರಳುಮರಳು ಹಿಡಿಯಿತು ಅಂತ ಊರೇ ಆಡಿಕೊಂಡಿತಲ್ಲ! ನಮ್ಮೂರು ಡೊಕ್ಕುಮ್‌ನಲ್ಲಿ ಬಸ್ಸು ಓಡಿಸುವ ಹೆಂಗಸು ಅವಳು. ಒಂದು ದಿನವೂ ಒಂದು ನಿಲ್ದಾಣ ಮರೆತವಳಲ್ಲ.

ಶುರುವಾದದ್ದು ಅಟ್ಟದ ಮೇಲಿನ, ಕೊಳವೆಗಳಲ್ಲಿ ಬಿಸಿನೀರು ಹರಿಸಿ ಮನೆ ಬೆಚ್ಚಗಿಡುವ ಬಾಯ್ಲರಿನಿಂದ. ಸಂಜೆ ಅಟ್ಟ ಹತ್ತಿ ನೋಡಿದರೆ ನೀರಿನ ಒತ್ತಡ ತೋರಿಸುವ ಮುಳ್ಳು ಇಳಿದಿರುತ್ತಿತ್ತು. "ಎಲ್ಲೋ ನೀರು ಸೋರ್ತಿದೆ ಕಣೋ" ಅಂತ ಗಂಡ ವೊಬ್ಬೆಗೆ ಹೇಳಿದರೆ, "ಬೆಳಿಗ್ಗೆ ನೋಡೋಣ ಬಿಡು" ಅನ್ನುತ್ತಿದ್ದ. ಬೆಳಿಗ್ಗೆ ಮುಳ್ಳು ಸರಿಯಾದ ಜಾಗದಲ್ಲೇ ಇರುತ್ತಿತ್ತು. "ನೋಡು, ಸರಿಯಾಗೇ ಇದೆಯಲ್ಲೇ" ಅನ್ನುತ್ತಿದ್ದ ಮಹಾರಾಯ. ರಿಪೇರಿಯವನೂ ಒಂದು ಬೆಳಿಗ್ಗೆ ಬಂದು, ನೋಡಿ, ಭುಜ ಕುಣಿಸಿ ಹೋದ. ನಮ್ಮಮ್ಮನಿಗೂ ಮರೆವಿನ ರೋಗ ಹೀಗೇ, ಇಲ್ಲದ್ದು ಕಂಡಂತಾಗಿ, ಶುರುವಾಗಿದ್ದದ್ದು. ಅಕ್ಕ ಹೆದರಿಹೋದಳು. ತಲೆ ತೋರಿಸಲು ಡಾಕ್ಟರ ಹತ್ತಿರ ದಿನ ಗೊತ್ತುಮಾಡಿದಳು, ಬಸ್ಸು ಬಿಡುವ ಮಾತೂ ಆಡಿದಳು.

ಫೆಬ್ರುವರಿಯಲ್ಲಿ ವೊಬ್ಬೆಯ ಹುಟ್ಟುಹಬ್ಬ. ವೊಬ್ಬೆ ತಾನೇ ಹಾಸಿದ ಹೊಸ ಓಕ್ ಮರದ ನೆಲದ ಮೇಲೆ ಕುರ್ಚಿಗಳನ್ನು ದುಂಡಗೆ ಹಾಕಿಕೊಂಡು ಕೂತಿದ್ದೆವು. ನಮ್ಮ ಕಡೆಯ ರೂಢಿಯಂತೆ ಬಂದವರೆಲ್ಲ ಅಕ್ಕನ ಕೈಯನ್ನೂ ಕುಲುಕಿ, "ಇಂಥಾ ಗಂಡ ಸಿಕ್ಕಿದ್ದಕ್ಕೆ ನಿಂಗೂ ಶುಭಾಶಯ ಕಣಮ್ಮ" ಅಂದರು. ಬೆಳಿಗ್ಗೆಯಿಂದ ಕಾಫಿ, ಕೇಕು, ಜನ. ವೊಬ್ಬೆಗೆ ಕುರ್ಚಿ ಬಿಟ್ಟು ಏಳಲು ಪುರುಸೊತ್ತಿಲ್ಲ. ಮಧ್ಯಾಹ್ನದ ಹೊತ್ತಿಗೆ ಮನೆಯೊಳಗೆ ಚಳಿ ಕೊರೆಯತೊಡಗಿತು, ಒಬ್ಬೊಬ್ಬರೇ ಕೋಟು ಹುಡುಕಿದರು. ವೊಬ್ಬೆಯ ಅಣ್ಣ ಅಟ್ಟ ಹತ್ತಿ ಇಳಿದು, "ಮುಳ್ಳು ಸೊನ್ನೆಗೆ ಬಿದ್ದಿದೆಯಲ್ಲೋ!" ಅಂದ.

"ಇವತ್ತು ನೀರು ತುಂಬೋಕೆ ಆಗ್ಲಿಲ್ಲ," ವೊಬ್ಬೆ ಬಾಯಿ ತಪ್ಪಿ ಅಂದುಬಿಟ್ಟ.

"ಇವತ್ತು ಅಂದ್ರೆ?" ಅಕ್ಕ ಕೇಳಿದಳು.

ಆಮೇಲೆ ಎಲ್ಲ ಹೊರಬಿತ್ತು. ತಾನೇ ಹಾಸಿದೆ ಅಂತ ಬಂದವರಿಗೆಲ್ಲ ತೋರಿಸುತ್ತಿದ್ದ ಆ ಓಕ್ ಹಲಗೆಯ ನೆಲ ಇತ್ತಲ್ಲ, ಹಾಸುವಾಗ ಒಂದು ಸ್ಕ್ರೂ ಕೆಳಗಿನ ಬಿಸಿನೀರಿನ ಕೊಳವೆಗೆ ಹೊಕ್ಕಿತ್ತು, ನೀರು ಅಲ್ಲಿಂದ ಸೋರುತ್ತಿತ್ತು. ಹಲಗೆ ಕೀಳಿಸಿದರೆ ಜನ ನಕ್ಕಾರು ಅಂತ ಈ ಪುಣ್ಯಾತ್ಮ ದಿನಾ ಬೆಳಿಗ್ಗೆ ಕದ್ದು ಅಟ್ಟ ಹತ್ತಿ, ನಲ್ಲಿಗೆ ಪೈಪು ಸಿಕ್ಕಿಸಿ ಬಾಯ್ಲರಿಗೆ ನೀರು ತುಂಬುತ್ತಿದ್ದ. ಹೆಂಡತಿಯ ತಲೆ ಕೆಟ್ಟರೂ ಸರಿ, ನೆಲ ಕೆಡಬಾರದು! ಥೂ, ಇವನ ಮುಖಕ್ಕಿಷ್ಟು!

ನಾನು ಬೈಯಲು ಬಾಯಿ ತೆರೆದೆ. ಅಕ್ಕ ಕೈ ಅಡ್ಡ ಹಿಡಿದಳು.

"ವೊಬ್ಬೆ, ಅಮ್ಮನ ಥರ ಆಗ್ಬಿಡ್ತೀನೇನೋ ಅಂತ ರಾತ್ರಿ ಹಾಸಿಗೇಲಿ ಅಳ್ತಿದ್ದೆ. ಆಗ ನಿಂಗೆ ಎಚ್ಚರ ಇರ್ತಿತ್ತಾ?"

ಅವನು ಕಾಲಡಿಯ ಹಲಗೆಗಳನ್ನೇ ನೋಡಿದ.

"ಇರ್ತಿತ್ತು," ಅಂದ.

ಅಕ್ಕ ಕೋಟು ತೊಟ್ಟು ನನ್ನ ಜೊತೆ ಬಂದಳು. ಇನ್ನೂ ನಮ್ಮನೆಯಲ್ಲೇ ಇದ್ದಾಳೆ.