ಮಿಲ್ಲಿನ ನಡುಕ

ಭಾವ ತೀರಿಕೊಂಡು ಕೆಲವು ತಿಂಗಳಾಗಿತ್ತು. ಹೊಸನಗರದಿಂದ ಅಕ್ಕ ಫೋನ್ ಮಾಡಿ, "ಮಿಲ್ಲಿನ ಸಾಮಾನೆಲ್ಲ ನೀನೇ ತಗೊಂಡು ಹೋಗು. ಗುಜರಿಯವ್ರಿಗೆ ಕೊಡಕ್ಕೆ ಮನಸ್ಸಿಲ್ಲ" ಅಂದಳು. ಅವರಿಬ್ಬರೂ ಮನೆಯ ಮುಂದಿನ ಕೋಣೆಯಲ್ಲೇ ಹಿಟ್ಟಿನ ಮಿಲ್ಲು ನಡೆಸಿದವರು. ನಾನು ಸಾಗರದಲ್ಲಿ, ಒಂದು ವೆಲ್ಡಿಂಗ್ ಶಾಪಿನ ಹಿಂದಿನ ಶೆಡ್ಡಿನಲ್ಲಿ, ಗುಜರಿ ಲೋಹ ಕರಗಿಸಿ ಶಿಲ್ಪ ಮಾಡುವವನು. ನನ್ನ ಶಿಲ್ಪಗಳಿಗೆ ಮುಖ, ಕೈಕಾಲು ಇರುವುದಿಲ್ಲ. ಹಾಗಾಗಿ ನೆಂಟರ ಮನೆಗಳಲ್ಲಿ ಅವುಗಳ ಮಾತೂ ಬರುವುದಿಲ್ಲ.

ಹೊಸನಗರಕ್ಕೆ ಹೋಗಿ ಪುಲ್ಲಿ ಚಕ್ರ, ಶಾಫ್ಟು, ಅಲ್ಯೂಮಿನಿಯಂ ತುಂಡುಗಳನ್ನು ಪಿಕಪ್ಪಿಗೆ ಏರಿಸುತ್ತ, "ಇದ್ರಲ್ಲೇ ಭಾವನ ಮುಖ ಮಾಡಿ ಕೊಡ್ಲಾ?" ಎಂದು ಕೇಳಿದೆ.

"ಮುಖ ಬ್ಯಾಡ, ಫೋಟೋ ಇದೆಯಲ್ಲ. ಮಿಲ್ಲು ಶುರುವಾದ್ರೆ ಮನೆಯೆಲ್ಲ ನಡುಗ್ತಿತ್ತು ನೋಡು, ಸ್ಟ್ಯಾಂಡಲ್ಲಿದ್ದ ಲೋಟ ಸಮೇತ. ಈಗ ಏನೂ ಅಲ್ಲಾಡಲ್ಲ. ಕೂತಲ್ಲಿ ಕೂರಕ್ಕಾಗ್ತಿಲ್ಲ ನಂಗೆ. ಆ ನಡುಕ ಮಾಡಕ್ಕಾಗ್ತದಾ ನಿಂಗೆ?"

"ಆಗ್ತದೆ" ಅಂದುಬಿಟ್ಟೆ.

ಅಲ್ಲಿಂದ ಅಕ್ಕನ ಚಡಪಡಿಕೆ ನನಗೂ ಅಂಟಿಕೊಂಡಿತು. ಮೊದಲು ಅಲೆಅಲೆಯಾದ ಹಾಳೆ ಎರಕ ಹೊಯ್ದೆ. ಮನೆಗೆ ಹೊದಿಸುವ ಶೀಟಿನ ಹಾಗೆ ಕಂಡಿತು. ಒಡೆದು ಮತ್ತೆ ಮೂಸೆಗೆ ಹಾಕಿದೆ. ಪುಲ್ಲಿಗಳನ್ನು ಬೆಸೆದು ನಿಲ್ಲಿಸಿದರೆ ಬೆದರಿದ ದನದಂತಿತ್ತು. ಊಟದ ನಡುವೆ ಎದ್ದು ಶೆಡ್ಡಿಗೆ ಹೋಗುತ್ತಿದ್ದೆ. ಒಂದು ದಿನ ಅಚ್ಚಿನ ಮರಳು ಒಣಗುವವರೆಗೂ ಕಾಯಲಾರದೆ ಕಾದ ಲೋಹ ಸುರಿದೆ. ಒಳಗಿನ ತೇವ ಆವಿಯಾಗಿ ಢಬ್ಬೆಂದು ಸಿಡಿಯಿತು. ಮೊಣಕೈ ಕೆಳಗೆ ಸುಟ್ಟಿತು. ಮುಲಾಮು ಹಚ್ಚುತ್ತ ಹೆಂಡತಿ, "ಒಂದು ಲೋಟ ಕಾಫಿ ಕೂತು ಕುಡಿಯಕ್ಕೂ ಆಗಲ್ವಾ ನಿಮ್ಗೆ?" ಅಂದಳು. ನಿಜಕ್ಕೂ ಆಗುತ್ತಿರಲಿಲ್ಲ.

ಗಾಯ ಮಾಯುವ ಮುಂಚೆಯೇ ಬೇರೆ ಗುಜರಿ ಹುಡುಕಿಕೊಂಡು ತೀರ್ಥಹಳ್ಳಿಗೆ ಹೋದೆ. ಅಲ್ಲೊಂದು ಮರ ಕೊಯ್ಯುವ ಸಾಮಿಲ್ಲಿನ ಗೋಡೆಯಲ್ಲಿ ಸವೆದ ಗರಗಸದ ಪಟ್ಟಿಗಳನ್ನು ಸುರುಳಿ ಸುತ್ತಿ ನೇತುಹಾಕಿದ್ದರು. ಒಂದನ್ನು ಇಳಿಸಿದ್ದೇ ತಡ, ಅದರ ನಡುಕ ಅಂಗೈಯಿಂದ ಭುಜದವರೆಗೂ ಏರಿತು. ಅಲ್ಲೇ ನಕ್ಕುಬಿಟ್ಟೆ.

ಪಟ್ಟಿಗಳನ್ನು ತುಂಡರಿಸಿ, ಗರಗಸದ ಹಲ್ಲು ತೇಯ್ದು ತೆಗೆದು, ಪಟ್ಟಿಗಳ ಬುಡಕ್ಕೂ ತುದಿಗೂ ಅಕ್ಕನ ಮಿಲ್ಲಿನ ಅಲ್ಯೂಮಿನಿಯಂ ಹೊಯ್ದೆ. ಈ ಸಲ ಅಚ್ಚು ಚೆನ್ನಾಗಿ ಒಣಗಿತ್ತು. ಸೊಂಟದೆತ್ತರದ ತೆಳು ಪಟ್ಟಿಗಳ ಮೇಲೆ ಭಾರದ ಗಡ್ಡೆಗಳು ನಿಂತವು.

ಹೊಸನಗರದಲ್ಲಿ ಮಿಲ್ಲಿದ್ದ ಆ ಖಾಲಿ ಕೋಣೆಯಲ್ಲಿ ಶಿಲ್ಪವನ್ನು ಇಳಿಸಿದೆವು. ಅಕ್ಕ ಒಂದೇ ಬೆರಳಲ್ಲಿ ಮುಟ್ಟಿದಳು. ಗಡ್ಡೆಗಳು ಒಂದಕ್ಕೊಂದು ತಾಗಿ ಟಕಟಕ ಎಂದು ಅದುರಿದವು. ಅವಳು ಕುಕ್ಕರುಗಾಲಲ್ಲಿ ಕೂತು ನೆಲಕ್ಕೆ ಅಂಗೈ ಊರಿದಳು. ಅಷ್ಟರಲ್ಲಿ ನಡುಕ ನಿಂತಿತು.

"ಇಷ್ಟು ಬೇಗ ನಿಲ್ತದಾ?"

"ವಾಪಸ್ ತಗೊಂಡು ಹೋಗಿ ಸರಿ ಮಾಡ್ತೀನಿ ಅಕ್ಕ."

"ಬ್ಯಾಡ, ಇರ್ಲಿ" ಎಂದು ಮತ್ತೆ ಮುಟ್ಟಿದಳು.

ಪಕ್ಕದ ಮನೆಯಾಕೆ ಸದ್ದು ಕೇಳಿ ಬಂದು, "ಎಂತದಿದು?" ಅಂದರು.

"ನಮ್ಮ ಮಿಲ್ಲು" ಅಂದಳು ಅಕ್ಕ. "ನೀವೂ ಮುಟ್ಟಿ ನೋಡಿ."

ಇನ್ನೂ ಹೆಚ್ಚು ಹೊತ್ತು ನಡುಗುವಂತೆ ಮಾಡುವುದು ಹೇಗೆಂದು ಈಗ ನನಗೆ ಹೊಳೆದಿದೆ, ಹೊಸ ಪಟ್ಟಿಗಳೂ ಸಿಕ್ಕಿವೆ. ಫೋನ್ ಮಾಡಿದಾಗಲೆಲ್ಲ ಅದನ್ನು ವಾಪಸ್ ಕೇಳುತ್ತೇನೆ. ಅಕ್ಕ ಕೊಡುತ್ತಿಲ್ಲ.