ಕಬ್ಬಿಣದ ಪೊಲೀಸಿಗೆ ಹಮಾಲನ ನಡಿಗೆ

ನನ್ನ ಮೊಮ್ಮಗಳ ಕಾಮಿಕ್ಸ್ ಅಚ್ಚಾಗುತ್ತಿದೆ! ಇವತ್ತು ಮುಂಜಾನೆ ಹೈದರಾಬಾದಿನ ಪ್ರಕಾಶಕರಿಂದ ಫೋನ್ ಬಂತು. ಬಣ್ಣದ ಪುಸ್ತಕವಂತೆ, ಮುಖಪುಟದ ಮೇಲೆ ಅವಳದೇ ಹೆಸರಂತೆ. ನಾನು ಓದಿದ್ದು ಮೂರನೇ ಇಯತ್ತೆ. ತಪ್ಪಿದ್ದರೆ ಹೊಟ್ಟೆಗೆ ಹಾಕಿಕೊಳ್ಳಿ, ಸಂತೋಷ ತಡೆಯಲಾಗದೆ ಬರೆಯುತ್ತಿದ್ದೇನೆ.

ಇವಳು ಔರಾದಿಗೆ ಕೊಟ್ಟ ನನ್ನ ಮಗಳ ಮಗಳು. ಬೀದರಿನಲ್ಲಿ ಕಾಲೇಜು, ಅದಕ್ಕೇ ನಮ್ಮ ಮನೆಯಲ್ಲಿರುತ್ತಾಳೆ. ಅವಳಿಗೊಂದೇ ಹುಚ್ಚು: ಸಾಯಲಿದ್ದ ಪೊಲೀಸನಿಗೆ ಕಬ್ಬಿಣದ ಮೈ ಜೋಡಿಸಿ ಮತ್ತೆ ಡ್ಯೂಟಿಗೆ ಕಳಿಸುವ ಇಂಗ್ಲಿಷ್ ಸಿನಿಮಾಗಳು. ಒಂದರ ಹಿಂದೊಂದು ಬಂದಿವೆ, ಕಾಮಿಕ್ಸೂ ಆಗಿವೆ. ಹಿಂದಿಯಲ್ಲಿ ಸಿಕ್ಕಿದ್ದನ್ನೆಲ್ಲ ನಮ್ಮಿಬ್ಬರನ್ನೂ ಕೂಡಿಸಿಕೊಂಡು ನೋಡಿದಳು. ನನ್ನ ಹೆಂಡತಿಗೆ ಅವನ ಹೊಟ್ಟೆಯದೇ ಚಿಂತೆ. "ಪಾಪ, ರೊಟ್ಟಿ ಎಲ್ಲಿಂದ ತಿಂತಾನೊ" ಎನ್ನುವಳು.

ಮೊಮ್ಮಗಳು ತನ್ನದೇ ಒಬ್ಬಳನ್ನು ಹುಟ್ಟಿಸಿದಳು: ಭಾಲ್ಕಿ ಠಾಣೆಯ ಅರ್ಧ ಕಬ್ಬಿಣದ ಹೆಣ್ಣು ಪೊಲೀಸ್. ನಾಲ್ಕು ತಿಂಗಳು ಕೂತು ಚಿತ್ರ ಬರೆದು ಹೈದರಾಬಾದಿಗೆ ಕಳಿಸಿದಳು. ವಾಪಸ್ ಬಂತು. ಕಥೆ ಚೆನ್ನಾಗಿದೆ, ಆದರೆ ಇವಳ ಮೈಯಲ್ಲಿ ಕಬ್ಬಿಣದ ಭಾರ ಕಾಣುವುದಿಲ್ಲ, ತಿದ್ದಿ ಕಳಿಸಿ ಎಂದಿದ್ದರು. ವಾರವಿಡೀ ತಿದ್ದಿದಳು, ಹರಿದಳು.

"ಇನ್ನೊಂದ್ಸಲ ಕಳಸ್ತೇನಿ ಮುತ್ಯಾ. ಆಗಲಿಲ್ಲಂದ್ರ ಪೆನ್ಸಿಲ್ ಒಲಿಗಿ ಹಾಕಿ ಇಲ್ಲೇ ಕೊಳಾರದ ಕಾರ್ಖಾನಿಗಿ ಪ್ಯಾಕಿಂಗ್ ಕೆಲಸಕ್ಕ ಹೋಗ್ತೇನಿ."

ಅವಳು ಹಠಮಾರಿ, ಅಂದಂತೆ ಮಾಡುವವಳು. ಚಿತ್ರ ತೆಗೆದುಕೊಂಡು ನೋಡಿದೆ. ನಾನು ಗಾಂಧಿ ಗಂಜಿನ ಧಾನ್ಯ ಮಾರುಕಟ್ಟೆಯಲ್ಲಿ ನಲವತ್ತು ವರ್ಷ ಚೀಲ ಹೊತ್ತ ಹಮಾಲ.

"ಇಕಿ ಮದವಿಗಿ ಹೊಂಟಾಳೇನ? ಭಾರ ಹೊತ್ತಾಕಿ ಹಿಂಗ ನಡಿಯಂಗಿಲ್ಲ."

"ಹಂಗಾರ ಹ್ಯಾಂಗ ನಡೀತಾಳ, ತೋರಸು."

ಎದ್ದು ನಡೆದೆ. ಅವಳು ಬಿದ್ದು ಬಿದ್ದು ನಕ್ಕಳು. "ಮುತ್ಯಾ, ನೀನೂ ಮದವಿಗೇ ಹೊಂಟಿ!" ಖಾಲಿ ಬೆನ್ನಿಗೆ ಆ ನಡಿಗೆ ಬರಲೇ ಇಲ್ಲ.

ಮರುದಿನ ಅವಳನ್ನು ಗಂಜಿಗೆ ಕರೆದುಕೊಂಡು ಹೋದೆ. ನನ್ನ ಹಳೆಯ ಜೋಡಿ ಹಮಾಲ, ಸಾಬರ ಓಣಿಯ ಗೆಳೆಯ, ಇನ್ನೂ ಅಲ್ಲೇ ಇದ್ದ. ತೊಗರಿಯ ಅರ್ಧ ಚೀಲ ಎತ್ತಿ ನನ್ನ ಬೆನ್ನಿಗೆ ಕೊಟ್ಟ.

"ಏ ಬುಡ್ಡಾ, ಬಿದ್ದಿ ಅಂದ್ರ ಎತ್ತಲಿಕ್ಕ ನಾಕು ಮಂದಿ ಬೇಕಾಗ್ತದ ನೋಡು!"

ಚೀಲ ಕೂತದ್ದೇ ತಡ, ಮೈಗೆ ಎಲ್ಲ ನೆನಪಾಯಿತು. ಪೂರ್ತಿ ಅಂಗಾಲು ನೆಲಕ್ಕೆ, ಮೊಣಕಾಲು ತುಸು ಮಡಚಿರಬೇಕು. ಕುತ್ತಿಗೆ ತಿರುಗುವುದಿಲ್ಲ. ಯಾರೋ ಕರೆದರು, ನಾನು ಸೊಂಟದಿಂದ ಇಡೀ ಮೈಯನ್ನೇ ತಿರುಗಿಸಿದೆ.

"ಅಲ್ಲೇ ನಿಲ್ಲು ಮುತ್ಯಾ!" ಎಂದು ಅವಳು ಕೂಗಿದಳು. ಲಾರಿ ಪಕ್ಕ ನೆಲದ ಮೇಲೇ ಕೂತು ಬರೆದಳು, ಪುಟದ ಮೇಲೆ ಪುಟ. ನನ್ನ ಕಾಲು ನಡುಗತೊಡಗಿದವು.

"ಇಳಸೋಣೇನವ್ವ? ನಿನ್ನ ಪೊಲೀಸ್ ಬಾಯಿ ಇಲ್ಲೇ ಸಾಯ್ತಾಳ" ಎಂದ ಗೆಳೆಯ.

ಆ ನಡಿಗೆಯ ಚಿತ್ರಗಳೇ ಹೈದರಾಬಾದಿಗೆ ಹೋದವು. ಇಪ್ಪತ್ತು ದಿನ ಕಾದೆವು. ಇವತ್ತಿನ ಫೋನಿನಲ್ಲಿ ಅವರು, ಇಂಥ ನಡಿಗೆ ಎಲ್ಲಿ ನೋಡಿದೆ ಎಂದು ಕೇಳಿದರಂತೆ. "ಅದು ನಮ್ಮ ಮುತ್ಯಾಂದ್ರಿ" ಎಂದಳು. ನಾನು ಅಲ್ಲೇ ನಿಂತಿದ್ದೆ.

ವಾಪಸ್ ಕಳಿಸಿದವರಿಗೆ ನನ್ನ ದೊಡ್ಡ ನಮಸ್ಕಾರ. ಅವರು ಸುಮ್ಮನೆ ಬೇಡ ಎನ್ನಲಿಲ್ಲ, ಕೊರತೆ ಏನೆಂದು ಹೇಳಿದರು. ಆ ಸಿನಿಮಾ ಮಾಡಿದ, ನನಗೆ ಗುರುತಿಲ್ಲದ ಮಂದಿಗೂ ನಮಸ್ಕಾರ. ನನ್ನ ಗೆಳೆಯನಿಗೆ, ನನ್ನ ಮುದಿ ಬೆನ್ನಿಗೆ ಕೂಡ.

ಸಂಜೆ ಔರಾದಿನ ಬಸ್ಸಿಗೆ ಮಗಳು ಅಳಿಯ ಬಂದರು, ಭಾಲ್ಕಿಯಿಂದ ಮಗ ಸೊಸೆ. ಗೆಳೆಯನೂ ಬಂದ. ಎಲ್ಲರೂ ಸಾಲಾಗಿ ಕೂತೆವು. ಮೊಮ್ಮಗಳು ಮಧ್ಯಾಹ್ನವೇ ಎರಡನೇ ಭಾಗ ಶುರು ಮಾಡಿದ್ದಳು, ಬೆರಳೆಲ್ಲ ಪೆನ್ಸಿಲಿನ ಕಪ್ಪು.

"ಕೈ ತೊಳ್ಕೊಂಡು ಬಾರವ್ವ" ಎಂದಳು ಅವಳ ತಾಯಿ.

"ತೊಳದೇನಿ, ಹೋಗವಲ್ದು."

"ಇರಲಿ ಬಿಡು" ಎಂದು ನನ್ನ ಹೆಂಡತಿ ಮೊದಲ ಹೋಳಿಗೆ ಅವಳಿಗೇ ಬಡಿಸಿ, ಮೇಲೆ ತುಪ್ಪ ಸುರಿದಳು. ನಾವೆಲ್ಲ ಉಣ್ಣತೊಡಗಿದೆವು.